3ಡಿಎಸ್ ಗೇಮ್ ಅಪ್‌ಡೇಟ್: ಯಾವ ದಾರಿ ಹಿಡಿಯಬೇಕು?

ನಿಂಟೆಂಡೊ ಕಂಪನಿಯ, ಕೈಯಲ್ಲಿ ಹಿಡಿದು ಆಡುವ ಗೇಮ್ ಕನ್ಸೋಲ್ 3ಡಿಎಸ್‌ನ ತಯಾರಿಕೆ 2020ರ ಸೆಪ್ಟೆಂಬರ್‌ನಲ್ಲಿ ನಿಂತಿತು. ಅದರ ಆನ್‌ಲೈನ್ ಅಂಗಡಿ ಇ-ಶಾಪ್‌ನಲ್ಲಿ ಗೇಮ್ ಕೊಳ್ಳುವುದು 2023ರ ಮಾರ್ಚ್ 27ಕ್ಕೆ ಮುಗಿಯಿತು. ಆನ್‌ಲೈನ್ ಆಟ 2024ರ ಏಪ್ರಿಲ್ 8ಕ್ಕೆ ಬಂದ್ ಆಯಿತು. ಈ ಮೂರೂ ಸುದ್ದಿ ಕೇಳಿದವರು "ಇನ್ನು ಇದರಲ್ಲಿ ಏನೂ ಡೌನ್‌ಲೋಡ್ ಆಗಲ್ಲ" ಅಂದುಕೊಂಡು ಸುಮ್ಮನಾಗಿಬಿಡುತ್ತಾರೆ. ಹಾಗೇನಿಲ್ಲ. ಗೇಮ್‌ಗಳ ಅಪ್‌ಡೇಟ್ ಇನ್ನೂ ಸಿಗುತ್ತದೆ. ದುಡ್ಡು ಕೊಡಬೇಕಿಲ್ಲ, ಗೇಮ್ ಕಾರ್ಟ್ರಿಡ್ಜ್ ಯಾರಿಂದ ಕೊಂಡಿದ್ದರೂ ಪರವಾಗಿಲ್ಲ. ನೀವು ಮೊದಲೇ ಕೊಂಡಿದ್ದ ಡಿಜಿಟಲ್ ಗೇಮ್‌ಗಳನ್ನು ಮತ್ತೆ ಇಳಿಸಿಕೊಳ್ಳಲೂ ಬಾಗಿಲು ತೆರೆದೇ ಇದೆ.

ಎಷ್ಟು ದಿನ ತೆರೆದಿರುತ್ತದೆ ಅನ್ನುವುದು ಬೇರೆ ಪ್ರಶ್ನೆ. ಕಂಪನಿ ತಾರೀಖು ಹೇಳಿಲ್ಲ, "ಸದ್ಯಕ್ಕಂತೂ ಮುಂದುವರಿಯುತ್ತದೆ" ಅನ್ನುವ ಅರ್ಥದ ಮಾತಷ್ಟೇ ಹೇಳಿದೆ. ಇದೇ ಕಂಪನಿಯ ಇದಕ್ಕೂ ಹಳೆಯ ಕನ್ಸೋಲ್‌ಗಳಾದ ವೀ ಮತ್ತು ಡಿಎಸ್‌ಐಗಳ ಆನ್‌ಲೈನ್ ಅಂಗಡಿಗಳ ವಿಷಯದಲ್ಲಿ ಏನಾಯಿತು ಗೊತ್ತಲ್ವಾ? 2022ರಲ್ಲಿ ಎರಡೂ ತಿಂಗಳುಗಟ್ಟಲೆ ತೆರೆಯಲೇ ಇಲ್ಲ. ಆಮೇಲೆ ವಾಪಸ್ ಬಂದವು, ಸರಿ. ಆದರೆ ಆ ತಿಂಗಳುಗಳಲ್ಲಿ ಜನ ಕೈಕಟ್ಟಿ ಕೂರಬೇಕಾಯಿತು. ಹಾಗಾಗಿ 3ಡಿಎಸ್ ಇಟ್ಟುಕೊಂಡ ಪ್ರತಿಯೊಬ್ಬರಿಗೂ ನನ್ನ ಮಾತು ಇಷ್ಟೇ: ಅಪ್‌ಡೇಟ್ ಹಾಕುವುದನ್ನು ಮುಂದೂಡಬೇಡಿ, ನಿಮ್ಮ ಹತ್ತಿರ ಇರುವ ಗೇಮ್‌ಗಳಿಗೆಲ್ಲ ಈಗಲೇ ಇಳಿಸಿ ಇಟ್ಟುಕೊಳ್ಳಿ. ಯಾವ ದಾರಿಯಲ್ಲಿ ಇಳಿಸಬೇಕು, ಯಾವ ಗೇಮ್‌ಗೆ ಮೊದಲು, ಯಾವುದಕ್ಕೆ ಬೇಡವೇ ಬೇಡ ಅನ್ನುವುದನ್ನು ಇಲ್ಲಿ ಹೋಲಿಸಿ ನೋಡೋಣ.

ಮೊದಲು ಒಂದು ವಿಷಯ ತಿಳಿದಿರಲಿ

ಅಪ್‌ಡೇಟ್ ಹೋಗಿ ಕೂರುವುದು ಕಾರ್ಟ್ರಿಡ್ಜ್ ಒಳಗಲ್ಲ, ಕನ್ಸೋಲ್‌ನ ಎಸ್‌ಡಿ ಕಾರ್ಡ್‌ನಲ್ಲಿ. ಆದರೆ ಕಾರ್ಟ್ರಿಡ್ಜ್ ಗೇಮ್‌ನ ಸೇವ್, ಅಂದರೆ ನೀವು ಆಡಿ ಉಳಿಸಿದ್ದು, ಸಾಮಾನ್ಯವಾಗಿ ಕಾರ್ಟ್ರಿಡ್ಜ್ ಒಳಗೇ ಇರುತ್ತದೆ. ಇವೆರಡೂ ಬೇರೆ ಬೇರೆ ಕಡೆ ಇರುವುದೇ ಮುಂದಿನ ಎಲ್ಲ ಗೊಂದಲಕ್ಕೂ ಮೂಲ.

ಒಂದು ಉದಾಹರಣೆ. ನಿಮ್ಮದೇ ಪುಟ್ಟ ಊರು ಬೆಳೆಸುವ ಆ್ಯನಿಮಲ್ ಕ್ರಾಸಿಂಗ್: ನ್ಯೂ ಲೀಫ್ ಗೇಮ್‌ಗೆ 2016ರ ನವೆಂಬರ್‌ನಲ್ಲಿ 'ವೆಲ್ಕಮ್ ಅಮಿಬೊ' ಅನ್ನುವ ದೊಡ್ಡ ಅಪ್‌ಡೇಟ್ ಬಂತು. ಅದನ್ನು ಹಾಕಿ ಆಡಿದ ಮೇಲೆ ನಿಮ್ಮ ಊರಿನ ಸೇವ್ ಹೊಸ ರೂಪಕ್ಕೆ ಬದಲಾಗುತ್ತದೆ. ಆ ಕಾರ್ಟ್ರಿಡ್ಜ್ ತೆಗೆದು ತಂಗಿಯ ಕನ್ಸೋಲ್‌ಗೆ ಹಾಕಿದಿರಿ ಅಂದುಕೊಳ್ಳಿ. ಆ ಕನ್ಸೋಲ್‌ನಲ್ಲಿ ಅಪ್‌ಡೇಟ್ ಇಲ್ಲದಿದ್ದರೆ ಊರು ತೆರೆಯುವುದಿಲ್ಲ. ಸೇವ್ ಕೆಟ್ಟಿದೆ ಅಂತ ಹೆದರಬೇಕಿಲ್ಲ, ಅಲ್ಲೂ ಅಪ್‌ಡೇಟ್ ಇಳಿಸಿದರೆ ಆಯಿತು. ಈಗ ಇದು ಸಣ್ಣ ಕೆಲಸ. ಸರ್ವರ್ ನಿಂತ ಮೇಲೆ ಅದೇ ಊರು ಅಪ್‌ಡೇಟ್ ಇರುವ ಕನ್ಸೋಲ್‌ನಲ್ಲಿ ಮಾತ್ರ ತೆರೆಯುತ್ತದೆ. ಮನೆಯಲ್ಲಿ ಎರಡು ಕನ್ಸೋಲ್ ಇದ್ದರೆ ಎರಡಕ್ಕೂ ಬೇರೆ ಬೇರೆಯಾಗಿ ಅಪ್‌ಡೇಟ್ ಹಾಕಿ ಅನ್ನುವುದು ಇದಕ್ಕೇ.

ಎಸ್‌ಡಿ ಕಾರ್ಡ್‌ನಲ್ಲಿರುವ ಅಪ್‌ಡೇಟ್ ಫೈಲ್ ಆ ಒಂದು ಕನ್ಸೋಲ್‌ನ ಕೀಲಿಯಿಂದ ಲಾಕ್ ಆಗಿರುತ್ತದೆ ಅನ್ನುವುದೂ ನೆನಪಿರಲಿ. ಸ್ನೇಹಿತನ ಕಾರ್ಡ್‌ನಿಂದ ಕಾಪಿ ಮಾಡಿ ನಿಮ್ಮ ಕಾರ್ಡ್‌ಗೆ ಹಾಕಿದರೆ ನಿಮ್ಮ ಕನ್ಸೋಲ್ ಅದನ್ನು ಓದುವುದೇ ಇಲ್ಲ. ಪೆನ್‌ಡ್ರೈವ್ ಕಾಲದ ಅಭ್ಯಾಸ ಇಲ್ಲಿ ನಡೆಯಲ್ಲ.

ಗೇಮ್ ಶುರು ಮಾಡಿದಾಗ ಬರುವ ಸೂಚನೆಯೋ, ಇ-ಶಾಪ್‌ನ ಪಟ್ಟಿಯೋ?

ಅಧಿಕೃತ ದಾರಿ ಎರಡು.

ಕನ್ಸೋಲ್ ನೆಟ್‌ಗೆ ಸೇರಿದ್ದಾಗ ಗೇಮ್ ಐಕಾನ್ ಒತ್ತಿದರೆ, "ಅಪ್‌ಡೇಟ್ ಇದೆ, ಇ-ಶಾಪ್‌ಗೆ ಹೋಗೋಣವೇ" ಅನ್ನುವ ಸಂದೇಶ ಬರುತ್ತದೆ. ಹೂಂ ಅಂದರೆ ನೇರವಾಗಿ ಆ ಗೇಮ್‌ನ ಅಪ್‌ಡೇಟ್ ಪುಟಕ್ಕೆ ಕರೆದುಕೊಂಡು ಹೋಗುತ್ತದೆ. ಬೇಡ ಅಂದರೆ ಹಳೆಯ ಆವೃತ್ತಿಯಲ್ಲೇ ಗೇಮ್ ಶುರುವಾಗುತ್ತದೆ. ಒಂದೆರಡು ಗೇಮ್ ಇರುವವರಿಗೆ ಇದಕ್ಕಿಂತ ಸುಲಭದ ದಾರಿ ಇಲ್ಲ.

ಎರಡನೆಯದು, ಇ-ಶಾಪ್ ತೆರೆದು, ಮೆನುವಿನಲ್ಲಿ ಸೆಟ್ಟಿಂಗ್ಸ್ ಭಾಗಕ್ಕೆ ಹೋಗಿ, ಅಲ್ಲಿ ಅಪ್‌ಡೇಟ್ಸ್ ಅನ್ನುವುದನ್ನು ಒತ್ತುವುದು. ಗೇಮ್‌ಗಳನ್ನು ಒಂದೊಂದಾಗಿ ತೆರೆದು ನೋಡುವ ಬದಲು ಅಪ್‌ಡೇಟ್‌ಗಳನ್ನು ಒಂದೇ ಕಡೆಯಿಂದ ಹುಡುಕಿ ಇಳಿಸಬಹುದು.

ನನಗೆ ಎರಡನೆಯದೇ ಇಷ್ಟ. ಕಾರಣ ಇದೆ. ಗೇಮ್ ಶುರು ಮಾಡಿದಾಗ ಬರುವ ಸೂಚನೆ, ಕನ್ಸೋಲ್‌ಗೆ ಮೊದಲೇ ಸುದ್ದಿ ಮುಟ್ಟಿದ್ದರೆ ಮಾತ್ರ ಬರುತ್ತದೆ. ವರ್ಷಗಟ್ಟಲೆ ಡ್ರಾಯರ್‌ನಲ್ಲಿ ಮಲಗಿದ್ದ ಕನ್ಸೋಲನ್ನು ಈಗಷ್ಟೇ ವೈ-ಫೈಗೆ ಸೇರಿಸಿದರೆ, ಅಥವಾ ಸೆಕೆಂಡ್‌ಹ್ಯಾಂಡ್ ತಂದು ಫಾರ್ಮ್ಯಾಟ್ ಮಾಡಿದ್ದರೆ, ಅಪ್‌ಡೇಟ್ ಇದ್ದರೂ ಗೇಮ್ ಏನೂ ಹೇಳದೆ ತೆರೆದುಕೊಳ್ಳಬಹುದು. "ಸಂದೇಶ ಬರಲಿಲ್ಲ, ಅಂದರೆ ಅಪ್‌ಡೇಟ್ ಇಲ್ಲ" ಅಂತ ನಂಬಿದರೆ ಮೋಸ ಹೋಗುತ್ತೀರಿ. ಇ-ಶಾಪ್‌ಗೆ ಹೋಗಿ ಕೇಳುವುದೇ ಭರವಸೆಯ ದಾರಿ.

ಡೌನ್‌ಲೋಡ್ ಮಾಡುವಾಗ 'ಈಗಲೇ' ಮತ್ತು 'ಆಮೇಲೆ' ಅನ್ನುವ ಎರಡು ಆಯ್ಕೆ ಕಾಣುತ್ತವೆ. ಆಮೇಲೆ ಅಂದರೆ ಸಾಲಿಗೆ ಸೇರುತ್ತದೆ, ಮುಚ್ಚಳ ಮುಚ್ಚಿ ಸ್ಲೀಪ್‌ನಲ್ಲಿಟ್ಟಾಗ ಇಳಿಯುತ್ತದೆ. ಆ ಸಾಲಿನಲ್ಲಿ 10 ಐಟಂ ಮಾತ್ರ ಹಿಡಿಯುತ್ತವೆ. ದೊಡ್ಡದನ್ನು ಈಗಲೇ ಇಳಿಸಿ, ಚಿಕ್ಕವನ್ನು ರಾತ್ರಿಗೆ ಬಿಡಿ. ಎರಡಕ್ಕೂ ಚಾರ್ಜರ್ ಹಾಕಿಯೇ ಇಟ್ಟಿರಿ. ಹಳೆಯ ಬ್ಯಾಟರಿಯನ್ನು ನಂಬಿ ಡೌನ್‌ಲೋಡ್‌ಗೆ ಕೂರಬೇಡಿ.

ಇ-ಶಾಪ್ ಒಳಗೆ ಬಿಡುವ ಮೊದಲು ಕನ್ಸೋಲ್‌ನ ಸಿಸ್ಟಂ ಅಪ್‌ಡೇಟ್ ಕೇಳಬಹುದು. ಕೇಳಿದರೆ ಮಾಡಿಸಿ. ಸಿಸ್ಟಂ ಸೆಟ್ಟಿಂಗ್ಸ್ ತೆರೆದಾಗ ಮೇಲಿನ ಪರದೆಯಲ್ಲಿ ಆವೃತ್ತಿಯ ಸಂಖ್ಯೆ ಕಾಣುತ್ತದೆ. 2023ರ ಮೇನಲ್ಲಿ ಬಂದ 11.17 ಇದ್ದರೆ ಸಾಕು. ಗೇಮ್‌ಗಳಿಗೆ ಪ್ಯಾಚ್, ಅಂದರೆ ತಿದ್ದುಪಡಿಯ ಅಪ್‌ಡೇಟ್, ಹಾಕುವ ಸೌಲಭ್ಯವೇ 3ಡಿಎಸ್‌ಗೆ ಬಂದಿದ್ದು 2012ರ ಏಪ್ರಿಲ್‌ನ 4.0 ಆವೃತ್ತಿಯಿಂದ. ಹಾಗಾಗಿ 2011ರಲ್ಲಿ ಕೊಂಡು ಒಮ್ಮೆಯೂ ನೆಟ್‌ಗೆ ಸೇರಿಸದ ಕನ್ಸೋಲ್ ಇದ್ದರೆ ಸಿಸ್ಟಂ ಅಪ್‌ಡೇಟ್ ಇಲ್ಲದೆ ಒಂದು ಹೆಜ್ಜೆಯೂ ಮುಂದೆ ಹೋಗಲಾಗದು. ಸಿಸ್ಟಂ ಅಪ್‌ಡೇಟ್ ಮಧ್ಯೆ ಸಿಕ್ಕಿಹಾಕಿಕೊಂಡರೆ ಆಫ್ ಮಾಡಿ, ಎಲ್, ಆರ್, ಎ ಮತ್ತು ಡಿ-ಪ್ಯಾಡ್‌ನ (ಪ್ಲಸ್ ಆಕಾರದ ಗುಂಡಿಯ) ಮೇಲಿನ ಬಾಣ ನಾಲ್ಕನ್ನೂ ಒತ್ತಿ ಹಿಡಿದು ಪವರ್ ಒತ್ತಿ. ಸೇಫ್ ಮೋಡ್ ಬರುತ್ತದೆ, ಅಲ್ಲಿಂದ ಮತ್ತೆ ಶುರು ಮಾಡಬಹುದು.

ಆವೃತ್ತಿ ಸಂಖ್ಯೆಯ ಕೊನೆಯಲ್ಲಿ ಒಂದು ಇಂಗ್ಲಿಷ್ ಅಕ್ಷರ ಇರುತ್ತದಲ್ಲ, ಅದನ್ನೂ ನೋಡಿಕೊಳ್ಳಿ. ಯು ಇದ್ದರೆ ಅಮೆರಿಕದ್ದು, ಇ ಇದ್ದರೆ ಯುರೋಪಿನದು, ಜೆ ಇದ್ದರೆ ಜಪಾನಿನದು. ನಮ್ಮಲ್ಲಿರುವ ಅನೇಕ 3ಡಿಎಸ್‌ಗಳು ಅಣ್ಣನೋ ಚಿಕ್ಕಪ್ಪನೋ ಹೊರದೇಶದಿಂದ ತಂದುಕೊಟ್ಟಿದ್ದು, ಇಲ್ಲವೇ ಆಮದಾಗಿ ಬಂದು ಕೈಬದಲಾಗಿದ್ದು. ಈ ಕನ್ಸೋಲ್‌ಗೆ ಪ್ರದೇಶದ ಬೀಗ ಇದೆ. ಅಮೆರಿಕದ ಕನ್ಸೋಲ್‌ನಲ್ಲಿ ಅಮೆರಿಕದ 3ಡಿಎಸ್ ಕಾರ್ಟ್ರಿಡ್ಜ್ ಮಾತ್ರ ಓಡುತ್ತದೆ, ಅಪ್‌ಡೇಟೂ ಆ ಪ್ರದೇಶದ್ದೇ ಸಿಗುತ್ತದೆ. ಹೊಸದಾಗಿ ಕಾರ್ಟ್ರಿಡ್ಜ್ ಹುಡುಕುವವರು ಇದನ್ನು ಮರೆಯಬಾರದು.

ಮನೆಯ ರೂಟರೋ, ಫೋನಿನ ಹಾಟ್‌ಸ್ಪಾಟೋ?

ಹೆಚ್ಚಿನವರು ಸೋಲುವುದು ಇಲ್ಲೇ. ಕನ್ಸೋಲ್ ಸರಿ ಇರುತ್ತದೆ, ಸರ್ವರ್ ಸರಿ ಇರುತ್ತದೆ, ಮಧ್ಯದ ವೈ-ಫೈ ಕೈಕೊಡುತ್ತದೆ.

3ಡಿಎಸ್‌ಗೆ ಗೊತ್ತಿರುವುದು 2.4 ಗಿಗಾಹರ್ಟ್ಸ್ ವೈ-ಫೈ ಮಾತ್ರ. ಅದರಲ್ಲೂ ಬಿ ಮತ್ತು ಜಿ ಅನ್ನುವ ಹಳೆಯ ಬಗೆಗಳು. 5 ಗಿಗಾಹರ್ಟ್ಸ್ ಅದರ ಕಣ್ಣಿಗೆ ಬೀಳುವುದೇ ಇಲ್ಲ. ಪಾಸ್‌ವರ್ಡ್ ರಕ್ಷಣೆಯಲ್ಲಿ ಡಬ್ಲ್ಯೂಪಿಎ2 ತನಕ ಒಪ್ಪುತ್ತದೆ, ಡಬ್ಲ್ಯೂಪಿಎ3 ಅಂದರೆ ಆಗದು. ಈಗಿನ ಫೈಬರ್ ಕನೆಕ್ಷನ್ ಜೊತೆ ಬರುವ ಎಷ್ಟೋ ರೂಟರ್‌ಗಳು ಎರಡೂ ಬ್ಯಾಂಡನ್ನು ಒಂದೇ ಹೆಸರಿನಲ್ಲಿ ಬಿಡುತ್ತವೆ. ರಕ್ಷಣೆಯನ್ನು ಡಬ್ಲ್ಯೂಪಿಎ3ಗೆ ಇಟ್ಟಿದ್ದರಂತೂ ಪಾಸ್‌ವರ್ಡ್ ಸರಿ ಹಾಕಿದರೂ ಕನೆಕ್ಷನ್ ಟೆಸ್ಟ್ ಫೇಲ್ ಆಗುತ್ತದೆ.

ರೂಟರ್ ಸೆಟ್ಟಿಂಗ್ಸ್ ಮುಟ್ಟಲು ನಿಮಗೆ ಬಂದರೆ ಮೊದಲು 2.4ಕ್ಕೆ ಬೇರೆ ಹೆಸರು ಕೊಡಿ. ರಕ್ಷಣೆಯನ್ನು ಡಬ್ಲ್ಯೂಪಿಎ2 ಎಇಎಸ್‌ಗೆ ಇಡಿ. ಮೋಡ್‌ನಲ್ಲಿ 'ಎನ್ ಮಾತ್ರ' ಅಂತ ಇದ್ದರೆ ತೆಗೆದು ಬಿ, ಜಿ, ಎನ್ ಸೇರಿರುವುದಕ್ಕೆ ಬದಲಿಸಿ. ಚಾನೆಲ್ಲನ್ನು ಆಟೋದಲ್ಲಿ ಬಿಡದೆ 1 ಅಥವಾ 11ಕ್ಕೆ ನಿಲ್ಲಿಸಿ. ಇಷ್ಟು ಮಾಡಿದರೆ ಕೆಲಸ ಆಗಬೇಕು. ಮುಗಿದ ಮೇಲೆ ಮನೆಯವರ ಬಳಕೆಗೆ ಬೇಕಾದಂತೆ ವಾಪಸ್ ಬದಲಿಸಿಕೊಳ್ಳಿ.

ರೂಟರ್ ಒಳಗೆ ಕೈಹಾಕಲು ಇಷ್ಟವಿಲ್ಲವೇ? ಅಥವಾ ಪಿಜಿಯಲ್ಲಿದ್ದೀರಾ, ರೂಟರ್ ಬೇರೆಯವರದ್ದೇ? ಹಾಗಿದ್ದರೆ ಫೋನ್ ಹಾಟ್‌ಸ್ಪಾಟ್ ಉತ್ತಮ. ಆ್ಯಂಡ್ರಾಯ್ಡ್ ಫೋನ್‌ನ ಹಾಟ್‌ಸ್ಪಾಟ್ ಸೆಟ್ಟಿಂಗ್ಸ್‌ನಲ್ಲಿ ಬ್ಯಾಂಡನ್ನು 2.4ಕ್ಕೆ, ಸೆಕ್ಯೂರಿಟಿಯನ್ನು ಡಬ್ಲ್ಯೂಪಿಎ2 ಪರ್ಸನಲ್‌ಗೆ ಬದಲಿಸಿ. ಐಫೋನ್ 12 ಮತ್ತು ಅದರ ನಂತರದ ಐಫೋನ್‌ಗಳಲ್ಲಿ 'ಮ್ಯಾಕ್ಸಿಮೈಜ್ ಕಂಪ್ಯಾಟಿಬಿಲಿಟಿ' ಅನ್ನುವ ಸ್ವಿಚ್ ಇರುತ್ತದೆ, ಅದನ್ನು ಆನ್ ಮಾಡಿದರೆ ಹಾಟ್‌ಸ್ಪಾಟ್ 2.4ಕ್ಕೆ ಇಳಿಯುತ್ತದೆ. ಹಾಟ್‌ಸ್ಪಾಟ್ ಹೆಸರು ಮತ್ತು ಪಾಸ್‌ವರ್ಡ್ ಸರಳವಾಗಿರಲಿ. 3ಡಿಎಸ್‌ನ ಪುಟ್ಟ ಕೀಬೋರ್ಡ್‌ನಲ್ಲಿ ಉದ್ದದ ಪಾಸ್‌ವರ್ಡ್ ಒತ್ತುವುದು ಸುಮ್ನೆ ಕಿರಿಕಿರಿ.

ಇವೆರಡರಲ್ಲಿ ಯಾವುದು ಮೇಲು? ಗೇಮ್ ಜಾಸ್ತಿ ಇದ್ದರೆ ರೂಟರ್. ಡೇಟಾ ಮಿತಿಯ ಚಿಂತೆ ಇಲ್ಲ, ರಾತ್ರಿಯಿಡೀ ಸ್ಲೀಪ್‌ನಲ್ಲಿ ಇಳಿಯಲು ಬಿಡಬಹುದು. ಹಾಟ್‌ಸ್ಪಾಟ್ ಸುಮ್ಮನೆ ಬಿಟ್ಟರೆ ಕೆಲವು ಫೋನ್‌ಗಳಲ್ಲಿ ತಾನಾಗಿಯೇ ಆಫ್ ಆಗುತ್ತದೆ, ಹಾಗಾಗಿ 'ಆಮೇಲೆ' ಆಯ್ಕೆಗೆ ಅದು ಒಗ್ಗುವುದಿಲ್ಲ. ಒಂದೆರಡು ಗೇಮ್‌ಗೆ, ಅದೂ ಈಗಲೇ ಕೂತು ಮುಗಿಸುವುದಾದರೆ, ಹಾಟ್‌ಸ್ಪಾಟ್ ಸಾಕು. ಡೇಟಾ ಎಷ್ಟು ಬೇಕು ಅಂತ ಲೆಕ್ಕ ಹಾಕಲು ಒಂದು ಸುಳಿವು: 3ಡಿಎಸ್ ಗಾತ್ರವನ್ನು ಬ್ಲಾಕ್‌ನಲ್ಲಿ ಹೇಳುತ್ತದೆ. 8 ಬ್ಲಾಕ್ ಅಂದರೆ 1 ಎಂಬಿ. 1,000 ಬ್ಲಾಕ್ ಅಂತ ಕಂಡರೆ 125 ಎಂಬಿ ಅಷ್ಟೇ. ದೊಡ್ಡ ಸಂಖ್ಯೆ ನೋಡಿ ಗಾಬರಿ ಬೀಳಬೇಡಿ.

ಕಾಲೇಜು, ಆಫೀಸು, ಹೋಟೆಲ್ ವೈ-ಫೈ ಬಿಟ್ಟುಬಿಡಿ. ಹೆಸರು, ಫೋನ್ ನಂಬರ್ ಹಾಕಿ ಒಳಗೆ ಹೋಗುವ ನೆಟ್‌ವರ್ಕ್‌ಗಳು ಈ ಕನ್ಸೋಲ್‌ಗೆ ಹೇಳಿದ್ದಲ್ಲ.

ಇರುವ ಕಾರ್ಡ್ ಸಾಕೋ, ದೊಡ್ಡದು ಬೇಕೋ?

ಮೊದಲ 3ಡಿಎಸ್ ಜೊತೆ ಬರುತ್ತಿದ್ದುದು 2 ಜಿಬಿ ಎಸ್‌ಡಿ ಕಾರ್ಡ್. ದೊಡ್ಡ ಪರದೆಯ ಎಕ್ಸ್‌ಎಲ್ ಮಾದರಿಯ ಜೊತೆ 4 ಜಿಬಿ. ಕಾರ್ಟ್ರಿಡ್ಜ್ ಗೇಮ್ ಮಾತ್ರ ಆಡುವವರಿಗೆ, ಬರೀ ಅಪ್‌ಡೇಟ್ ಇಡಲು, 4 ಜಿಬಿ ಎಷ್ಟೋ ದಿನ ಸಾಕಾಗುತ್ತದೆ. ಡಿಜಿಟಲ್ ಗೇಮ್‌ಗಳನ್ನೂ ಮತ್ತೆ ಇಳಿಸಿಕೊಳ್ಳುವವರಿಗೆ ಸಾಲದು. ಆದರೆ ಕಾರ್ಡ್‌ನ ಗಾತ್ರಕ್ಕಿಂತ ಅದರ ವಯಸ್ಸು ನನಗೆ ಚಿಂತೆ. ಹತ್ತು ವರ್ಷ ದಾಟಿದ ಕಾರ್ಡ್ ಮೇಲೆ ಮತ್ತೆ ಸಿಗುವ ಖಾತ್ರಿ ಇಲ್ಲದ ಫೈಲ್‌ಗಳನ್ನು ಇಡುವುದು ಜಾಣತನವಲ್ಲ. ಹೊಸ ಕಾರ್ಡ್ ಹಾಕಿ ಅಪ್‌ಡೇಟ್ ಶುರು ಮಾಡುವುದೇ ವಾಸಿ.

ಅಧಿಕೃತವಾಗಿ ಹೇಳುವುದು 32 ಜಿಬಿ ತನಕ. 64 ಜಿಬಿಯೂ ಓಡುತ್ತದೆ, ಆದರೆ ಅದು ಎಕ್ಸ್‌ಫ್ಯಾಟ್ ಅನ್ನುವ ಬಗೆಯಲ್ಲಿ ಬರುವುದರಿಂದ ಕಂಪ್ಯೂಟರಿನಲ್ಲಿ 3ಡಿಎಸ್ ಓದಬಲ್ಲ ಫ್ಯಾಟ್32 ಬಗೆಗೆ ಫಾರ್ಮ್ಯಾಟ್ ಮಾಡಬೇಕು. ವಿಂಡೋಸ್‌ನಲ್ಲಿ ಬಲಕ್ಲಿಕ್ ಮಾಡಿ ಬರುವ ಫಾರ್ಮ್ಯಾಟ್ ಕಿಟಕಿ 32 ಜಿಬಿ ಮೀರಿದ ಕಾರ್ಡ್‌ಗೆ ಫ್ಯಾಟ್32 ಆಯ್ಕೆ ತೋರಿಸುವುದಿಲ್ಲ ಅನ್ನುವ ತಲೆನೋವು ಬಹಳ ಜನರಿಗೆ ಗೊತ್ತು. ಅದಕ್ಕೆ ಬೇರೆ ಸಾಫ್ಟ್‌ವೇರ್ ಬೇಕು. ಜೊತೆಗೆ ಕಾರ್ಡ್ ದೊಡ್ಡದಾದಷ್ಟೂ ಹೋಂ ಮೆನು ತೆರೆಯುವುದು ನಿಧಾನ. ಅಪ್‌ಡೇಟ್‌ಗೋಸ್ಕರ ಮಾತ್ರ ಕಾರ್ಡ್ ಕೊಳ್ಳುವುದಾದರೆ ಒಳ್ಳೆ ಕಂಪನಿಯ 32 ಜಿಬಿ ತಗೊಳ್ಳಿ, ಯಾವ ರಗಳೆಯೂ ಇಲ್ಲ. ಕಮ್ಮಿ ಬೆಲೆಗೆ ಸಿಗುವ ನಕಲಿ ಕಾರ್ಡ್‌ಗಳು ಹೊರಗೆ 32 ಅಂತ ಬರೆದುಕೊಂಡು ಒಳಗೆ 4 ಇರುವುದುಂಟು. ಎಚ್2ಟೆಸ್ಟ್‌ಡಬ್ಲ್ಯೂ ಅನ್ನುವ ಉಚಿತ ಸಾಫ್ಟ್‌ವೇರ್‌ನಲ್ಲಿ ಪೂರ್ತಿ ಕಾರ್ಡ್ ಬರೆದು ಓದಿ ಪರೀಕ್ಷಿಸಿದ ಮೇಲೇ ಬಳಸಿ.

ಹಳೆಯ 3ಡಿಎಸ್, 3ಡಿಎಸ್ ಎಕ್ಸ್‌ಎಲ್, 2ಡಿಎಸ್‌ಗಳಿಗೆ ದೊಡ್ಡ ಎಸ್‌ಡಿ ಕಾರ್ಡ್. ಅಂಚಿನಲ್ಲಿರುವ ಸ್ಲಾಟ್‌ನ ಮುಚ್ಚಳ ತೆಗೆದು ಒತ್ತಿದರೆ ಹೊರಬರುತ್ತದೆ. ಕಾರ್ಡ್‌ನ ಬದಿಯ ಪುಟ್ಟ ಲಾಕ್ ಕೆಳಗೆ ಜಾರಿದ್ದರೆ ಏನೂ ಬರೆಯಲಾಗದು, ನೋಡಿಕೊಳ್ಳಿ. ಹೆಸರಿನಲ್ಲೇ 'ನ್ಯೂ' ಇರುವ ನಂತರದ ಮಾದರಿಗಳಾದ ನ್ಯೂ 3ಡಿಎಸ್ ಮತ್ತು ನ್ಯೂ 3ಡಿಎಸ್ ಎಕ್ಸ್‌ಎಲ್‌ಗಳಲ್ಲಿ ಮೈಕ್ರೊಎಸ್‌ಡಿ, ಅದು ಹಿಂದಿನ ಕವರ್ ಕೆಳಗೆ ಅಡಗಿದೆ. ಆ ಕವರ್‌ಗೆ ಎರಡು ಸ್ಕ್ರೂ. ಸಡಿಲವಾದ ಮೇಲೂ ಅವು ಕವರ್ ಬಿಟ್ಟು ಹೊರಬರುವುದಿಲ್ಲ, ಹಾಗೇ ಮಾಡಿದ್ದಾರೆ. ಇನ್ನೂ ಬಿಚ್ಚಿಲ್ಲ ಅಂದುಕೊಂಡು ತಿರುಗಿಸುತ್ತಲೇ ಹೋದರೆ ಸ್ಕ್ರೂ ತಲೆ ಸವೆದುಹೋಗುತ್ತದೆ. ತಿರುಗಿಸುವಾಗ ಬಿಗಿ ತಪ್ಪಿತು ಅಂದರೆ ನಿಲ್ಲಿಸಿ, ಕವರ್‌ನ ಅಂಚಿನ ಸಂದಿಗೆ ಉಗುರು ಹಾಕಿ ಎತ್ತಿ. ನ್ಯೂ 2ಡಿಎಸ್ ಎಕ್ಸ್‌ಎಲ್‌ನಲ್ಲಿ ಮಾತ್ರ ಈ ಕಷ್ಟ ಇಲ್ಲ, ಗೇಮ್ ಕಾರ್ಟ್ರಿಡ್ಜ್ ಹಾಕುವ ಜಾಗದ ಮುಚ್ಚಳದ ಒಳಗೇ ಪಕ್ಕದಲ್ಲಿ ಸ್ಲಾಟ್ ಇದೆ.

ಹಳೆಯ ಕಾರ್ಡ್‌ನಿಂದ ಹೊಸದಕ್ಕೆ ಹೋಗಲು ಕನ್ಸೋಲ್ ಪೂರ್ತಿ ಆಫ್ ಮಾಡಿ, ಕಾರ್ಡ್‌ನಲ್ಲಿರುವ 'ನಿಂಟೆಂಡೊ 3ಡಿಎಸ್' ಫೋಲ್ಡರ್ ಇಡಿಯಾಗಿ ಕಾಪಿ ಮಾಡಿ. ಒಳಗಿನ ಉದ್ದುದ್ದ ಹೆಸರಿನ ಫೋಲ್ಡರ್‌ಗಳನ್ನು ಮರುಹೆಸರಿಸಬೇಡಿ, ಬಿಡಿಬಿಡಿಯಾಗಿ ಎಳೆಯಬೇಡಿ.

ಅಪ್‌ಡೇಟ್ ಬೇಡ ಅನ್ನುವುದೂ ಒಂದು ಆಯ್ಕೆಯೇ

ಎಲ್ಲ ಅಪ್‌ಡೇಟೂ ಒಂದೇ ತೂಕದ್ದಲ್ಲ. ಇಲ್ಲಿ ಗೇಮ್ ಗೇಮ್‌ಗೆ ತೀರ್ಮಾನ ಬೇರೆ.

ಹಾಕಲೇಬೇಕಾದ್ದು ಪೋಕೆಮಾನ್ ಎಕ್ಸ್ ಮತ್ತು ವೈ. 2013ರ ಅಕ್ಟೋಬರ್ 12ರಂದು ಬಂದ ಈ ಗೇಮ್‌ಗಳ ಮೊದಲ ಆವೃತ್ತಿಯಲ್ಲಿ ಒಂದು ಕೆಟ್ಟ ದೋಷ ಇತ್ತು. ಗೇಮ್‌ನೊಳಗಿನ ಲುಮಿಯೋಸ್ ಸಿಟಿಯ ಕೆಲವು ಬೀದಿಗಳಲ್ಲಿ ನಿಂತು ಸೇವ್ ಮಾಡಿ ಆಫ್ ಮಾಡಿದರೆ, ಮತ್ತೆ ತೆರೆದಾಗ ಗೇಮ್ ಅಲ್ಲೇ ಹೆಪ್ಪುಗಟ್ಟುತ್ತಿತ್ತು. ಅದೇ ತಿಂಗಳು 1.1 ಪ್ಯಾಚ್ ಬಿಟ್ಟು ಸರಿ ಮಾಡಿದರು. ಇಂದು ಯಾರಾದರೂ ಸೆಕೆಂಡ್‌ಹ್ಯಾಂಡ್ ಎಕ್ಸ್ ಕಾರ್ಟ್ರಿಡ್ಜ್ ಕೊಂಡು, ನೆಟ್ ಇಲ್ಲದ ಕನ್ಸೋಲ್‌ನಲ್ಲಿ ಮಗುವಿನ ಕೈಗೆ ಕೊಟ್ಟರೆ ಆ ದೋಷ ಈಗಲೂ ಅಲ್ಲಿ ಕಾದು ಕೂತಿರುತ್ತದೆ. ಹತ್ತಾರು ಗಂಟೆ ಆಡಿದ ಆಟ ಹೋಗಬಾರದು ಅಲ್ವಾ? ನನ್ನ ಪ್ರಕಾರ ಇದೇ ಮೊದಲನೆಯದು.

ಎರಡನೆಯದು ನ್ಯೂ ಲೀಫ್. ಅಲ್ಲಿ ಅಪ್‌ಡೇಟ್ ಅಂದರೆ ದೋಷ ತಿದ್ದುವುದಷ್ಟೇ ಅಲ್ಲ, ಗೇಮೇ ದೊಡ್ಡದಾಗುತ್ತದೆ. ಹಾರ್ವಿ ಅನ್ನುವ ಪಾತ್ರದ ಕ್ಯಾಂಪ್‌ಗ್ರೌಂಡ್, ಅಲ್ಲಿಗೆ ಬಂದುಹೋಗುವ ಕ್ಯಾರವಾನ್‌ಗಳು, ದಿನದ ಕೆಲಸ ಮಾಡಿ ಗಳಿಸುವ ಕೂಪನ್‌ಗಳು, ಸಾಮಾನು ಇಡಲು ಹೆಚ್ಚು ಜಾಗ, ಎಲ್ಲ ಅದರಲ್ಲೇ ಬರುತ್ತವೆ. ಕನ್ಸೋಲ್‌ಗೆ ತಾಗಿಸಿ ಗೇಮ್‌ನಲ್ಲಿ ಬಳಸುವ ಅಮಿಬೊ ಗೊಂಬೆ ಇಲ್ಲದವರಿಗೂ ಇದರಲ್ಲಿ ಬೇಕಾದಷ್ಟಿದೆ.

ಹೊಡೆದಾಟದ ಗೇಮ್ ಸೂಪರ್ ಸ್ಮ್ಯಾಶ್ ಬ್ರದರ್ಸ್ ಆಡುವವರು ತಮ್ಮ ಜೊತೆ ಆಡುವವರನ್ನು ಕೇಳಿ ತೀರ್ಮಾನ ಮಾಡಬೇಕು. ಆನ್‌ಲೈನ್ ಹೋಯಿತು, ಪಕ್ಕದಲ್ಲಿ ಕೂತು ಲೋಕಲ್ ವೈರ್‌ಲೆಸ್‌ನಲ್ಲಿ ಆಡುವುದು ಉಳಿದಿದೆ. ಅದಕ್ಕೆ ಎಲ್ಲರ ಕನ್ಸೋಲ್‌ನಲ್ಲೂ ಒಂದೇ ಆವೃತ್ತಿ ಇರಬೇಕು. ಒಬ್ಬರು ಹಳೆಯದರಲ್ಲಿ, ಒಬ್ಬರು ಹೊಸದರಲ್ಲಿ ಇದ್ದರೆ ಆಟ ಸೇರುವುದಿಲ್ಲ. ಅಪ್‌ಡೇಟ್ ಹಾಕಿದರೆ ಒಂದು ನಷ್ಟವೂ ಇದೆ: ಹಳೆಯ ಆವೃತ್ತಿಯಲ್ಲಿ ಉಳಿಸಿಟ್ಟ ರೀಪ್ಲೇಗಳು ಹೊಸದರಲ್ಲಿ ಓಡುವುದಿಲ್ಲ. ತಮ್ಮನ ಜೊತೆ ಆಡಿದ ಹಳೆಯ ಪಂದ್ಯಗಳ ರೀಪ್ಲೇ ನಿಮಗೆ ಮುಖ್ಯವಾಗಿದ್ದರೆ, ಅವನ್ನು ಪರದೆಯ ಮುಂದೆ ಫೋನ್ ಹಿಡಿದಾದರೂ ವೀಡಿಯೊ ಮಾಡಿಟ್ಟುಕೊಂಡು ಆಮೇಲೆ ಅಪ್‌ಡೇಟ್ ಒತ್ತಿ. ಮ್ಯೂಟು, ಕ್ಲೌಡ್, ಬೆಯೋನೆಟಾ ತರಹದ ಹೆಚ್ಚುವರಿ ಪಾತ್ರಗಳನ್ನು ದುಡ್ಡು ಕೊಟ್ಟು ಕೊಳ್ಳಬೇಕಿತ್ತು. ಆಗ ಕೊಂಡಿರದಿದ್ದರೆ ಅಪ್‌ಡೇಟ್ ಹಾಕಿದರೂ ಈಗ ಅವು ಸಿಗುವುದಿಲ್ಲ.

ಮಾರಿಯೋ ಕಾರ್ಟ್ 7ರದ್ದು ಬೇರೆ ಕಥೆ. 2012ರ ಮೇನಲ್ಲಿ ಬಂದ ಅದರ 1.1 ಪ್ಯಾಚ್ 3ಡಿಎಸ್‌ನ ಮೊದಲ ಗೇಮ್ ಪ್ಯಾಚ್‌. ವೂಹೂ ಲೂಪ್, ಮಾಕಾ ವೂಹೂ, ಬೌಸರ್ಸ್ ಕಾಸಲ್ 1 ಈ ಮೂರು ಟ್ರ್ಯಾಕ್‌ಗಳಲ್ಲಿ ಜನ ಕಂಡುಹಿಡಿದ ಕಳ್ಳ ಅಡ್ಡದಾರಿಗಳನ್ನು ಆನ್‌ಲೈನ್ ರೇಸ್‌ನಲ್ಲಿ ಮುಚ್ಚುವುದು ಅದರ ಕೆಲಸವಾಗಿತ್ತು. ಹತ್ತು ವರ್ಷ ಬಿಟ್ಟು, 2022ರ ಡಿಸೆಂಬರ್‌ನಲ್ಲಿ, 1.2 ಬಂತು. ಅದು ಆನ್‌ಲೈನ್ ಆಟದ ಒಂದು ಗಂಭೀರ ಭದ್ರತಾ ದೋಷಕ್ಕೆ ಮದ್ದು. ಎರಡೂ ಆನ್‌ಲೈನ್‌ಗೋಸ್ಕರವೇ ಬಂದಿದ್ದು, ಆ ಆನ್‌ಲೈನ್ ಈಗ ಇಲ್ಲ. ಹಾಗಾಗಿ ಒಬ್ಬರೇ ಕಪ್ ಆಡುವವರಿಗೆ ಇದರಿಂದ ದೊಡ್ಡ ವ್ಯತ್ಯಾಸ ಕಾಣದು. ಆದರೂ ಹಾಕಿಡಿ ಅನ್ನುತ್ತೇನೆ. ಬೇಡ ಅನಿಸಿದರೆ ಸಿಸ್ಟಂ ಸೆಟ್ಟಿಂಗ್ಸ್‌ನ ಡೇಟಾ ಮ್ಯಾನೇಜ್‌ಮೆಂಟ್‌ನಲ್ಲಿ ಆಡ್-ಆನ್ ಕಂಟೆಂಟ್ ಭಾಗಕ್ಕೆ ಹೋಗಿ ತೆಗೆದುಹಾಕಬಹುದು, ಕಾರ್ಟ್ರಿಡ್ಜ್ ಗೇಮ್ ಹಳೆಯ ಆವೃತ್ತಿಗೆ ವಾಪಸ್ ಹೋಗುತ್ತದೆ. ಇಂದು ಹಾಕಿದ್ದನ್ನು ನಾಳೆ ತೆಗೆಯಬಹುದು. ಇಂದು ಹಾಕದಿದ್ದನ್ನು ಸರ್ವರ್ ನಿಂತ ಮೇಲೆ ತರಲಾಗದು.

ಅಪ್‌ಡೇಟ್ ಸೇರಿಯೇ ಬಂದ ಕಾರ್ಟ್ರಿಡ್ಜ್

ನೆಟ್ ಸಹವಾಸವೇ ಬೇಡ ಅನ್ನುವವರಿಗೆ ಒಂದು ದಾರಿ ಇದು, ಆದರೆ ಕಿರಿದು. ನ್ಯೂ ಲೀಫ್‌ನ ನಂತರದ ಕಾರ್ಟ್ರಿಡ್ಜ್ 'ವೆಲ್ಕಮ್ ಅಮಿಬೊ' ಹೆಸರಿನಲ್ಲೇ ಅಂಗಡಿಗೆ ಬಂತು. ಅದರೊಳಗೆ ಅಪ್‌ಡೇಟ್ ಮೊದಲೇ ಸೇರಿದೆ, ಎಸ್‌ಡಿ ಕಾರ್ಡ್ ಕೆಟ್ಟರೂ ಊರು ತೆರೆಯುತ್ತದೆ. ಈ ಗೇಮ್ ಇನ್ನೂ ಕೊಂಡಿಲ್ಲ, ಈಗ ಕೊಳ್ಳಬೇಕು ಅಂತಿದ್ದರೆ ಹಳೆಯ ಮುದ್ರಣಕ್ಕಿಂತ ಇದನ್ನೇ ಹುಡುಕಿ. ಬೆಲೆ ಸ್ವಲ್ಪ ಜಾಸ್ತಿ ಕೇಳಿದರೂ ಕೊಡಬಹುದು. ಹಳೆಯದು ಈಗಾಗಲೇ ಇದ್ದರೆ ಇನ್ನೊಂದು ಕೊಳ್ಳಬೇಕಿಲ್ಲ, ಉಚಿತ ಅಪ್‌ಡೇಟ್ ಸಾಕು. ಎಲ್ಲ ಗೇಮ್‌ಗೂ ಇಂಥ ಮುದ್ರಣ ಇಲ್ಲ, ಇದನ್ನೇ ನಂಬಿ ಕೂರುವಂತಿಲ್ಲ.

ಕಸ್ಟಮ್ ಫರ್ಮ್‌ವೇರ್ ದಾರಿ

ಲೂಮಾ3ಡಿಎಸ್ ತರಹದ ಕಸ್ಟಮ್ ಫರ್ಮ್‌ವೇರ್ (ಕಂಪನಿಯದಲ್ಲದ, ಹೊರಗಿನವರು ಬರೆದ ಸಿಸ್ಟಂ ಸಾಫ್ಟ್‌ವೇರ್) ಹಾಕಿ, ಗಾಡ್‌ಮೋಡ್9 ಅನ್ನುವ ಟೂಲ್‌ನಿಂದ ತಮ್ಮದೇ ಕನ್ಸೋಲ್‌ನ ಅಪ್‌ಡೇಟನ್ನು ಫೈಲ್ ಆಗಿ ತೆಗೆದಿಟ್ಟುಕೊಳ್ಳುವವರು ಇದ್ದಾರೆ. ಹೀಗೆ ತೆಗೆದ ಫೈಲ್‌ಗೆ ಒಂದೇ ಕನ್ಸೋಲ್‌ನ ಬೀಗ ಇರುವುದಿಲ್ಲ, ಕನ್ಸೋಲ್ ಕೆಟ್ಟು ಬೇರೆ ತಂದರೂ ಕೆಲಸಕ್ಕೆ ಬರುತ್ತದೆ. ಕಾಪಿಡುವ ದೃಷ್ಟಿಯಿಂದ ಇದಕ್ಕಿಂತ ಗಟ್ಟಿಯಾದ ದಾರಿ ಇಲ್ಲ. ಅಭಿಮಾನಿಗಳು ಕಟ್ಟಿರುವ ಪ್ರೆಟೆಂಡೊ ಸರ್ವರ್‌ನಲ್ಲಿ ಆನ್‌ಲೈನ್ ಆಡಲು ಕೂಡ ಜನ ಈ ದಾರಿ ಹಿಡಿಯುತ್ತಾರೆ.

ಆದರೆ ಇದು ಕಂಪನಿಯ ನಿಯಮದ ಹೊರಗಿನ ಕೆಲಸ. ಹೆಜ್ಜೆ ತಪ್ಪಿದರೆ ಕನ್ಸೋಲ್ ಏಳದೇ ಇರಬಹುದು. ತನ್ನ ಗೇಮ್‌ನ ಪ್ರತಿ ಇಟ್ಟುಕೊಳ್ಳುವುದು ಬೇರೆ, ಕೊಳ್ಳದ ಗೇಮನ್ನು ಎಲ್ಲಿಂದಲೋ ಇಳಿಸುವುದು ಬೇರೆ, ಎರಡನೆಯದು ಕಳ್ಳತನವೇ. ಬರೀ ಅಪ್‌ಡೇಟ್ ಹಾಕಲು ಈ ದಾರಿಗೆ ಇಳಿಯಬೇಕಿಲ್ಲ, ಸರ್ವರ್ ಇರುವ ತನಕ ಅಧಿಕೃತ ದಾರಿಯೇ ಸುಲಭ. ಒಂದೇ ಕನ್ಸೋಲ್ ಇದ್ದು ಅದರಲ್ಲಿ ಮಕ್ಕಳ ಸೇವ್ ಇದ್ದರೆ ಅದರ ಮೇಲೆ ಇದನ್ನು ಪ್ರಯೋಗ ಮಾಡಬೇಡಿ.

ಹಾಕಿದ ಮೇಲೆ

ಅಪ್‌ಡೇಟ್ ಆದ ಮೇಲೆ ಗೇಮನ್ನು ಒಮ್ಮೆ ತೆರೆದು ಶೀರ್ಷಿಕೆ ಪರದೆ ತನಕ ಹೋಗಿ. ಹಲವು ಗೇಮ್‌ಗಳಲ್ಲಿ ಆವೃತ್ತಿ ಸಂಖ್ಯೆ ಅಲ್ಲೇ ಮೂಲೆಯಲ್ಲಿ ಕಾಣುತ್ತದೆ. ಅದು ಬದಲಾಗಿದ್ದರೆ ಸರಿ.

ಆಮೇಲೆ ಕನ್ಸೋಲ್ ಆಫ್ ಮಾಡಿ, ಕಾರ್ಡ್ ತೆಗೆದು, 'ನಿಂಟೆಂಡೊ 3ಡಿಎಸ್' ಫೋಲ್ಡರನ್ನು ಕಂಪ್ಯೂಟರ್‌ಗೆ ಕಾಪಿ ಮಾಡಿಡಿ. ಕುತೂಹಲ ಇದ್ದರೆ ಒಳಗೆ ಇಣುಕಿ ನೋಡಿ. ಎರಡು ಉದ್ದ ಹೆಸರಿನ ಫೋಲ್ಡರ್ ದಾಟಿದರೆ ಟೈಟಲ್ ಅನ್ನುವ ಫೋಲ್ಡರ್ ಸಿಗುತ್ತದೆ. ಅದರಲ್ಲಿ 0004000 ಅಂಕಿಗಳ ಕೊನೆಗೆ ಇಂಗ್ಲಿಷ್‌ನ ಇ ಅಕ್ಷರ ಇರುವ ಫೋಲ್ಡರ್ ಇದ್ದರೆ, ನಿಮ್ಮ ಅಪ್‌ಡೇಟ್‌ಗಳು ಇರುವುದು ಅಲ್ಲೇ. ಎಂಟು ಅಂಕಿಯ 00040000 ಫೋಲ್ಡರ್‌ನಲ್ಲಿ ಡಿಜಿಟಲ್ ಗೇಮ್‌ಗಳು ಇರುತ್ತವೆ. ಇ ಇರುವ ಫೋಲ್ಡರ್ ಕಾಣದಿದ್ದರೆ ಅಪ್‌ಡೇಟ್ ಇಳಿದೇ ಇಲ್ಲ ಅಂತ ಅರ್ಥ, ಮತ್ತೆ ಇ-ಶಾಪ್‌ಗೆ ಹೋಗಿ.

ಈ ಪ್ರತಿ ನಾಳೆ ಕಾರ್ಡ್ ಕೆಟ್ಟರೆ ಕೆಲಸಕ್ಕೆ ಬರುತ್ತದೆ: ಹೊಸ ಕಾರ್ಡ್‌ಗೆ ಹಾಕಿ ಅದೇ ಕನ್ಸೋಲ್‌ಗೆ ಸೇರಿಸಿದರೆ ಎಲ್ಲ ವಾಪಸ್. ಆದರೆ ಕನ್ಸೋಲನ್ನು ಸೆಟ್ಟಿಂಗ್ಸ್‌ನಿಂದ ಸಿಸ್ಟಂ ಫಾರ್ಮ್ಯಾಟ್ ಮಾಡಿದರೆ ಕೀಲಿಯೇ ಬದಲಾಗುತ್ತದೆ, ಇಟ್ಟುಕೊಂಡ ಪ್ರತಿಯನ್ನು ಅದು ಗುರುತಿಸುವುದಿಲ್ಲ. ಸೆಕೆಂಡ್‌ಹ್ಯಾಂಡ್ ಕನ್ಸೋಲ್ ಕೊಂಡಿದ್ದರೆ ಫಾರ್ಮ್ಯಾಟ್ ಮೊದಲು, ಅಪ್‌ಡೇಟ್ ಆಮೇಲೆ. ಮನೆಯಲ್ಲಿ ಒಂದಕ್ಕಿಂತ ಹೆಚ್ಚು ಕನ್ಸೋಲ್ ಇದ್ದರೆ ಪ್ರತಿ ಫೋಲ್ಡರ್ ಮೇಲೂ ಅದು ಯಾವ ಕನ್ಸೋಲಿನದು ಅಂತ ಬಣ್ಣವೋ ಹೆಸರೋ ಬರೆದು, ಕಂಪ್ಯೂಟರ್ ಜೊತೆಗೆ ಇನ್ನೊಂದು ಹಾರ್ಡ್‌ಡಿಸ್ಕ್‌ನಲ್ಲೂ ಇಟ್ಟುಕೊಳ್ಳಿ.